ಬರಿಗೊರಳಿನ ಕುಣಿತದ ಹಾಡು

ವಾದ್ಯವಿಲ್ಲದೆ ಹಾಡುಂಟೆ ಎಂದು ಯಾರೂ ಕೇಳಲಾರರು. ತೊಟ್ಟಿಲ ಹಾಡಿಗೆ ಯಾವ ವಾದ್ಯ? ಆದರೆ ವಾದ್ಯವಿಲ್ಲದೆ ಕುಣಿತದ ಹಾಡುಂಟೆ ಎಂದರೆ, ಇಲ್ಲವೆನ್ನುವವರೇ ಹೆಚ್ಚು. ಅದರಲ್ಲಿಯೂ ಪಾಶ್ಚಾತ್ಯರ ಪಾಪ್ ಕುಣಿತದ ಹಾಡು ಬಹುಮಟ್ಟಿಗೆ ಯಂತ್ರದ ಕೂಸು. ಡೋಲಿನ ಪೆಟ್ಟು, ಮಂದ್ರದ ಗುಡುಗು, ಕೊನೆಗೆ ಹಾಡುವವನ ದನಿ ಕೂಡ ವಿದ್ಯುತ್ತಿನ ಮೂಸೆಯಲ್ಲಿ ಕರಗಿ ಹೊರಬರುತ್ತವೆ. ಇಂಥ ಹಾಡನ್ನು ನಾಲ್ಕೈದು ಮಂದಿ ಬರಿಗೊರಳಿನಿಂದ ಹಾಡಿದಾಗ ಜನ ಮುಗಿಬಿದ್ದು ಕೇಳುವುದೇಕೆ? ಚಮತ್ಕಾರದ ಆಕರ್ಷಣೆ ಇಲ್ಲದಿಲ್ಲ. ಆದರೆ ಮುಖ್ಯ ಕಾರಣ ಮನುಷ್ಯನ ಉಸಿರು ಎಂದು ನನ್ನ ಅಭಿಪ್ರಾಯ.

ಈ ಗಾಯನಪದ್ಧತಿಗೆ ‘ಅ ಕಪೆಲ್ಲ’ ಎಂದು ಹೆಸರು. ಇಟಲಿಯ ಭಾಷೆಯಲ್ಲಿ ‘ಪ್ರಾರ್ಥನಾಮಂದಿರದ ರೀತಿಯಲ್ಲಿ’ ಎಂದರ್ಥ. ಇಗರ್ಜಿಯಿಂದ ಹೊರಟ ಈ ಗಾಯನ ಜನಪ್ರಿಯ ಸಂಗೀತಕ್ಕೆ ಬಂದು ಬಹುಕಾಲವಾಯಿತು. ಯಾಜೂ ಎಂಬ ಜೋಡಿ 1982ರಲ್ಲಿ ಸಿಂಥಸೈಜರಿನ ಮೇಲೆ ಕಟ್ಟಿದ ‘ಓನ್ಲಿ ಯೂ’ ಹಾಡನ್ನು ಫ್ಲೈಯಿಂಗ್ ಪಿಕೆಟ್ಸ್ ತಂಡದವರು ವಾದ್ಯವಿಲ್ಲದೆ ಹಾಡಿ, 1983ರ ಕ್ರಿಸ್‌ಮಸ್ ವೇಳೆಗೆ ಬ್ರಿಟನ್ನಿನ ಪಟ್ಟಿಯಲ್ಲಿ ಮೊದಲನೆಯ ಸ್ಥಾನ ಪಡೆದರು. ಅದು ನಿಧಾನಗತಿಯ ಹಾಡು. ಕುಣಿತದ ಹಾಡಿನ ಪರೀಕ್ಷೆ ಇನ್ನೂ ಕಠಿನ.

ಫ್ರಾನ್ಸಿನ ಡಾಫ್ಟ್ ಪಂಕ್ ಜೋಡಿಯನ್ನೇ ತೆಗೆದುಕೊಳ್ಳೋಣ. 2021ರಲ್ಲಿ ಬೇರೆಯಾದ ಈ ಇಬ್ಬರು ಯಂತ್ರಮಾನವರ ಶಿರಸ್ತ್ರಾಣ ತೊಟ್ಟು ಜನರೆದುರು ನಿಲ್ಲುತ್ತಿದ್ದರು. ಮನುಷ್ಯನ ದನಿಯನ್ನು ಯಂತ್ರದ ದನಿಯಾಗಿ ಮಾರ್ಪಡಿಸುವುದರಲ್ಲಿ ನಿಪುಣರು. ಅವರ 1997ರ ‘ಅರೌಂಡ್ ದಿ ವರ್ಲ್ಡ್’ನಲ್ಲಿ ಶೀರ್ಷಿಕೆಯ ಮೂರು ಮಾತು ಬಿಟ್ಟರೆ ಬೇರೆ ಸಾಹಿತ್ಯವೇ ಇಲ್ಲ. 2013ರಲ್ಲಿ ಅಮೆರಿಕದ ಪೆಂಟಟೋನಿಕ್ಸ್ ತಂಡದ ಐವರು ಇದನ್ನೂ ‘ಒನ್ ಮೋರ್ ಟೈಮ್’, ‘ಗೆಟ್ ಲಕ್ಕಿ’ ಮೊದಲಾದವನ್ನೂ ಒಂದೇ ಮಾಲೆಯಾಗಿ ಪೋಣಿಸಿ ಹಾಡಿದರು. ಒಬ್ಬನ ಬಾಯಿ ಡೋಲಾಯಿತು, ಒಬ್ಬ ಮಂದ್ರ ಹಿಡಿದ, ಉಳಿದ ಮೂವರು ಧಾಟಿಯನ್ನೂ ಅದರ ಜೊತೆಸ್ವರಗಳನ್ನೂ ಹಂಚಿಕೊಂಡರು. ಆ ಸಂಯೋಜನೆಗೆ 2015ರಲ್ಲಿ ಗ್ರ್ಯಾಮಿ ಪ್ರಶಸ್ತಿ ಬಂದಿತು. ಯಂತ್ರವಾಗಿದ್ದ ದನಿ ಮರಳಿ ಮನುಷ್ಯನದಾಯಿತು.

ಕುಣಿತದ ಹಾಡಿನ ಜೀವಾಳ ಪುನರಾವೃತ್ತಿ. ನಿಮಿಷಕ್ಕೆ 120 ಪೆಟ್ಟು ಎಂದಿಟ್ಟುಕೊಂಡರೆ ನಾಲ್ಕು ನಿಮಿಷಕ್ಕೆ 480 ಆಯಿತು. ಯಂತ್ರಕ್ಕೆ ಮೊದಲನೆಯದೂ ಒಂದೇ, ಕೊನೆಯದೂ ಒಂದೇ, ಅದಕ್ಕೆ ದಣಿವೆಂಬುದಿಲ್ಲ. ಮನುಷ್ಯನಾದರೋ ಎರಡು ಪೆಟ್ಟುಗಳ ನಡುವೆ ಉಸಿರನ್ನು ಕದಿಯಬೇಕು. ಮಂದ್ರದವನು ಉಸಿರೆಳೆಯುವಾಗ ಪಕ್ಕದವನು ತೆರಪು ತುಂಬಬೇಕು. ಒಬ್ಬ ಜಾರಿದರೆ ಐವರೂ ಬಿದ್ದಂತೆಯೇ. ಕೇಳುವ ನಮಗೂ ಈ ಅಪಾಯದ ಅರಿವುಂಟು. ಅದರಿಂದಲೇ ಅದೇ ಪಲ್ಲವಿ ಹತ್ತನೆಯ ಸಲ ಬಂದಾಗಲೂ ಬೇಸರವಾಗದು.

‘ಬಾಯಿಂದ ಡೋಲು ನುಡಿಸುವುದು ಬರಿಯ ಅಣಕವಲ್ಲವೆ?’ ಎಂದು ಮೂಗು ಮುರಿಯುವವರುಂಟು. ಕೊನ್ನಕ್ಕೋಲನ್ನು ಬಲ್ಲ ಕರ್ನಾಟಕ ಸಂಗೀತದ ರಸಿಕರು ಹೀಗೆನ್ನಲಾರರು. ‘ತಕಧಿಮಿ’ ಎಂದು ಸೊಲ್ಲು ನುಡಿಯುವವನು ಮೃದಂಗವನ್ನು ಅಣಕಿಸುತ್ತಾನೆಯೆ? ಲಯವನ್ನೇ ನುಡಿಯುತ್ತಾನೆ. ಇನ್ನೊಂದು ಆಕ್ಷೇಪಣೆ ಹೆಚ್ಚು ತೂಕದ್ದು. ಮೈಕಿಲ್ಲದೆ ಆ ಮಂದ್ರಸ್ವರ ಸಭೆಯ ಕೊನೆಯ ಸಾಲಿಗೆ ಮುಟ್ಟೀತೆ? ತಪ್ಪಿದ ಸ್ವರವನ್ನು ತಿದ್ದುವ ಯಂತ್ರ ಧ್ವನಿಮುದ್ರಣದಲ್ಲಿ ನುಸುಳದಿದ್ದೀತೆ? ಈ ಮಾತನ್ನು ಒಪ್ಪಲೇಬೇಕು. ಮೈಕಿನಿಂದ ಹಾನಿಯಿಲ್ಲ, ಆದರೆ ಎಲ್ಲವನ್ನೂ ತಿದ್ದಿ ನುಣುಪು ಮಾಡಿದರೆ ಉಸಿರೂ ಅಳಿಸಿಹೋಗುತ್ತದೆ. ಆಮೇಲೆ ಮೂಲದ ಯಂತ್ರಗೀತವನ್ನೇ ಕೇಳಿದರಾಯಿತು!

ಅಮೆರಿಕದ ಕಾಲೇಜುಗಳಲ್ಲಿ ಇದು ಹಳೆಯ ಹವ್ಯಾಸ. ಯೇಲ್ ವಿಶ್ವವಿದ್ಯಾನಿಲಯದ ವಿದ್ಯಾರ್ಥಿಗಳು 1909ರಲ್ಲಿ ಕಟ್ಟಿದ ‘ವಿಫನ್‌ಪೂಫ್ಸ್’ ತಂಡ ಇಂದಿಗೂ ಹಾಡುತ್ತಿದೆ. ಕೀಬೋರ್ಡಿಲ್ಲ, ಸ್ಪೀಕರಿಲ್ಲ ಎಂದು ಹಾಡುವ ಆಸೆಯನ್ನೇ ಕೈಬಿಡುವ ಗೆಳೆಯ ಗೆಳತಿಯರು ಇದನ್ನು ಗಮನಿಸಬೇಕು. ಬೇಕಾದುದು ಐದು ಕೊರಳು, ಒಂದು ಶ್ರುತಿ, ಒಬ್ಬರ ದನಿಗೆ ಇನ್ನೊಬ್ಬರು ಕಿವಿಗೊಡುವ ತಾಳ್ಮೆ. ಪಾಠ ಮುಗಿದ ಮೇಲೆ ಒಂದು ಕೊಠಡಿಯನ್ನು ಸಂಜೆ ಒಂದು ಗಂಟೆಯ ಹೊತ್ತು ನಮಗೆ ಬಿಟ್ಟುಕೊಡಲು ಅಧ್ಯಾಪಕರು ಒಪ್ಪುವರೆಂದು ನಂಬುತ್ತೇನೆ.