ಲಿಂಕ್ ಕಳಿಸಿದರೆ ಪಾಠ ಮುಟ್ಟಿತೇ?

ಗೆ,
ಆಯುಕ್ತರು, ಶಾಲಾ ಶಿಕ್ಷಣ ಇಲಾಖೆ,
ನೃಪತುಂಗ ರಸ್ತೆ, ಬೆಂಗಳೂರು

ಮಾನ್ಯರೇ,

ನಾನು ವಿಜಯಪುರ ಜಿಲ್ಲೆಯ ಮುದ್ದೇಬಿಹಾಳ ತಾಲ್ಲೂಕಿನ ನಾಲತವಾಡದವನು. ಇಲ್ಲಿ ಝೆರಾಕ್ಸ್, ರಿಚಾರ್ಜ್, ಆನ್‌ಲೈನ್ ಅರ್ಜಿಯ ಅಂಗಡಿ ಇಟ್ಟುಕೊಂಡಿದ್ದೇನೆ. ಪಹಣಿಗೆ, ಜಾತಿ-ಆದಾಯದ ಪ್ರಮಾಣಪತ್ರಕ್ಕೆ, ಸ್ಕಾಲರ್‌ಶಿಪ್ ಅರ್ಜಿಗೆ ಬರುವವರ ಜೊತೆ ಕೆಲವು ವರ್ಷಗಳಿಂದ ಇನ್ನೊಂದು ಬಗೆಯ ಗಿರಾಕಿಗಳು ಬರುತ್ತಿದ್ದಾರೆ. ಅವರಿಂದ ನನಗೆ ಹತ್ತು ಪೈಸೆಯ ಲಾಭವಿಲ್ಲ. ಫೋನನ್ನು ನನ್ನ ಮುಂದೆ ಹಿಡಿದು, “ಅಣ್ಣಾರ, ಸಾಲಿಯಿಂದ ವಿಡಿಯೋ ಬಂದೈತಿ, ಓಪನ್ ಆಗವಲ್ದು. ಏನಾಗೇತಿ ನೋಡ್ರಿ” ಅನ್ನುತ್ತಾರೆ. ಅವರ ಪರವಾಗಿ ಈ ಪತ್ರ.

ಇಂಥ ಹೊತ್ತಿನಲ್ಲಿ ಎಲ್ಲರೂ ಹೇಳುವ ಉಪಾಯಗಳು ನಿಮಗೂ ಗೊತ್ತು. ಫೋನ್ ಬಂದ್ ಮಾಡಿ ಚಾಲೂ ಮಾಡ್ರಿ, ಆ್ಯಪ್ ಅಪ್‌ಡೇಟ್ ಮಾಡ್ರಿ, ಕ್ಯಾಶೆ ಅಳಿಸ್ರಿ, ಬೇರೆ ಸಿಮ್ಮಿನ ನೆಟ್ ಹಾಕಿ ನೋಡ್ರಿ. ನಾನೂ ಅಲ್ಲಿಂದಲೇ ಶುರು ಮಾಡುತ್ತೇನೆ, ಕೆಲವೊಮ್ಮೆ ಫಲವೂ ಸಿಗುತ್ತದೆ. ಬ್ಯಾಟರಿ ಪೂರ್ತಿ ಇಳಿದು ಮತ್ತೆ ಎದ್ದ ಹಳೆಯ ಫೋನಿನಲ್ಲಿ ತಾರೀಖು ವರ್ಷಗಟ್ಟಲೆ ಹಿಂದಕ್ಕೆ ಹೋಗಿರುತ್ತದೆ. ತಾರೀಖು ತಪ್ಪಿದ ಫೋನು ಜಾಲತಾಣದ ಸುರಕ್ಷತಾ ಪ್ರಮಾಣಪತ್ರವನ್ನು ನಂಬುವುದಿಲ್ಲ, ಹಾಗಾಗಿ ಯಾವ ಲಿಂಕೂ ತೆರೆಯುವುದಿಲ್ಲ. ಸರಿಯಾದ ತಾರೀಖು ಹಾಕಿಕೊಟ್ಟರೆ ಮುಗಿಯಿತು. ಮತ್ತೆ ಕೆಲವರ ಅಂದಿನ ಡೇಟಾ ತೀರಿರುತ್ತದೆ. ದಿನದ ಒಂದೂವರೆ ಜಿಬಿ ಮುಗಿದ ಮೇಲೆ ವೇಗ ಸಾಮಾನ್ಯವಾಗಿ 64 ಕೆಬಿಪಿಎಸ್‌ಗೆ ಇಳಿಯುತ್ತದೆ. ವಾಟ್ಸ್‌ಆ್ಯಪ್‌ನಲ್ಲಿ ಅಕ್ಷರಗಳು ಬರುತ್ತವೆ, ವಿಡಿಯೋದ ಮೇಲೆ ಮಾತ್ರ ಚಕ್ರ ತಿರುಗುತ್ತಲೇ ಇರುತ್ತದೆ. ಎಷ್ಟೋ ಮನೆಗಳಲ್ಲಿ ಹುಡುಗಿಯ ಕೈಗೆ ಫೋನ್ ಸಿಗುವುದೇ ಅಪ್ಪ ಸಂಜೆ ಮನೆಗೆ ಬಂದ ಮೇಲೆ. ಅಷ್ಟೊತ್ತಿಗೆ ಆ ಡೇಟಾ ರೀಲ್ಸ್ ಪಾಲಾಗಿರುತ್ತದೆ. ಇದಕ್ಕೆ ಯಾವ ಅಧಿಕಾರಿಯನ್ನೂ ದೂರುವಂತಿಲ್ಲ.

ಆದರೆ ನನ್ನ ಅಂಗಡಿಗೆ ಬರುವ ತೆರೆಯದ ಲಿಂಕುಗಳಲ್ಲಿ ಹೆಚ್ಚಿನವುಗಳ ದೋಷ ಫೋನಿನಲ್ಲಿ ಇರುವುದಿಲ್ಲ, ಕಳಿಸಿದವರ ಕಡೆಗೇ ಇರುತ್ತದೆ. ಪರದೆಯ ಮೇಲೆ ಬರುವ ಇಂಗ್ಲಿಷ್ ಸಾಲು ಓದಿದರೆ ಅದು ಗೊತ್ತಾಗುತ್ತದೆ. ‘ಪ್ರೈವೇಟ್ ವಿಡಿಯೋ’ ಎಂದಿದ್ದರೆ ಹಾಕಿದವರೇ ಬೀಗ ಹಾಕಿದ್ದಾರೆ. ‘ಅನ್‌ಅವೈಲೆಬಲ್’ ಎಂದಿದ್ದರೆ ವಿಡಿಯೋ ಅಳಿಸಿದೆ, ಇಲ್ಲವೇ ವಿಳಾಸದಲ್ಲಿ ಒಂದು ಅಕ್ಷರ ತಪ್ಪಿದೆ. ‘ಯು ನೀಡ್ ಆ್ಯಕ್ಸೆಸ್’ ಎಂದಿದ್ದರೆ ಗೂಗಲ್ ಡ್ರೈವ್‌ಗೆ ಕಡತ ಏರಿಸಿದವರು ಎಲ್ಲರಿಗೂ ನೋಡಲು ಅನುಮತಿ ಕೊಡುವುದನ್ನೇ ಮರೆತಿದ್ದಾರೆ. ಅನುಮತಿ ಕೇಳುವ ಗುಂಡಿ ಒತ್ತಿದರೆ ಆ ಕೋರಿಕೆ ಯಾವುದೋ ಇಮೇಲ್ ಪೆಟ್ಟಿಗೆಗೆ ಹೋಗಿ ಬೀಳುತ್ತದೆ, ಅದನ್ನು ತೆರೆದು ನೋಡುವವರಿಲ್ಲ. ಓದಲು ಬಾರದ ತಾಯಿಗೆ ಈ ಮೂರು ಸಾಲೂ ಒಂದೇ. ತನ್ನ ಫೋನೇ ಕೆಟ್ಟಿದೆ ಎಂದು ತಿಳಿದು ರಿಪೇರಿಗೆ ಕೊಡುತ್ತಾಳೆ.

ಕಾಗದದ ಮೇಲೆ ಬರುವ ಲಿಂಕಿನ ಪಾಡು ಇನ್ನೂ ಬೇರೆ. ಸುತ್ತೋಲೆಯನ್ನು ಟೈಪ್ ಮಾಡುತ್ತಾರೆ, ಮುದ್ರಿಸುತ್ತಾರೆ, ಸಹಿ ಸೀಲು ಆಗುತ್ತದೆ, ಸ್ಕ್ಯಾನ್ ಆಗುತ್ತದೆ. ಅದರ ಫೋಟೊ ವಾಟ್ಸ್‌ಆ್ಯಪ್ ಗುಂಪಿನಿಂದ ಗುಂಪಿಗೆ ಇಳಿಯುತ್ತಾ ನಮ್ಮೂರು ಮುಟ್ಟುತ್ತದೆ. ಫೋಟೊದೊಳಗಿನ ಲಿಂಕನ್ನು ಎಷ್ಟು ಒತ್ತಿದರೇನು? ನೋಡಿಕೊಂಡು ಟೈಪ್ ಮಾಡಬೇಕು. ಯೂಟ್ಯೂಬ್ ಪ್ರತಿ ವಿಡಿಯೋಗೂ 11 ಅಕ್ಷರಗಳ ಗುರುತು ಕೊಡುತ್ತದೆ. ಅದರಲ್ಲಿ ಇಂಗ್ಲಿಷಿನ ದೊಡ್ಡಕ್ಷರ, ಚಿಕ್ಕಕ್ಷರ ಬೇರೆ ಬೇರೆ. ಸೊನ್ನೆ ಯಾವುದು, ‘ಓ’ ಯಾವುದು, ಒಂದು ಯಾವುದು, ಚಿಕ್ಕ ‘ಎಲ್’ ಯಾವುದು ಎಂದು ಮಸುಕು ಝೆರಾಕ್ಸಿನಲ್ಲಿ ಹೇಳುವುದು ಬ್ರಹ್ಮನಿಗೂ ಆಗದು. ಇನ್ನೊಂದು ಸೂಕ್ಷ್ಮವಿದೆ. ಆ ಗುರುತಿನಲ್ಲಿ ಕೆಲವೊಮ್ಮೆ ಅಂಡರ್‌ಸ್ಕೋರ್ ಬರುತ್ತದೆ. ಕಂಪ್ಯೂಟರ್ ಲಿಂಕಿಗೆ ತಾನಾಗಿಯೇ ಅಡಿಗೆರೆ ಎಳೆಯುತ್ತದೆ, ಆ ಗೆರೆಯಲ್ಲಿ ಅಂಡರ್‌ಸ್ಕೋರ್ ಮುಚ್ಚಿಹೋಗುತ್ತದೆ. ಓದುವವನಿಗೆ ಕಾಣುವುದು ಖಾಲಿ ಜಾಗ. ವಾಟ್ಸ್‌ಆ್ಯಪ್ ಸಂದೇಶದಲ್ಲೂ ಇಂಥದೇ ಒಂದು ತೊಡಕು: ಲಿಂಕಿನ ಬಾಲಕ್ಕೆ ಜಾಗ ಬಿಡದೆ ‘ನೋಡಿ’ ಎಂದೋ ‘ಕಡ್ಡಾಯ’ ಎಂದೋ ಕನ್ನಡ ಪದ ಅಂಟಿಸಿದರೆ ಅದೂ ವಿಳಾಸದ ಭಾಗವಾಗಿ ಲಿಂಕು ಕೆಡುತ್ತದೆ. ಅಂಟಿದ ಪದ ಅಳಿಸಿಕೊಟ್ಟರೆ ವಿಡಿಯೋ ಓಡುತ್ತದೆ. ಗಿರಾಕಿ ನನ್ನನ್ನು ದೊಡ್ಡ ಪಂಡಿತ ಅಂದುಕೊಂಡು ಹೋಗುತ್ತಾನೆ.

ಈ ಲಿಂಕುಗಳು ಎಲ್ಲೆಲ್ಲಿಂದ ಬಂದವು ಎಂದು ಇಲ್ಲಿ ಹೆಸರು ಹಿಡಿದು ಬರೆಯುವುದಿಲ್ಲ. ಶಾಲೆಯಿಂದ, ಸಂಘಸಂಸ್ಥೆಯಿಂದ, ಟ್ಯೂಷನ್ನಿನಿಂದ, ತರಬೇತಿ ಕೊಡುವವರಿಂದ, ಎಲ್ಲ ಕಡೆಯಿಂದಲೂ ಬರುತ್ತವೆ. ನಿಮಗೆ ಬರೆಯುತ್ತಿರುವುದು ನಿಯಮ ಮಾಡುವ ಅಧಿಕಾರ ನಿಮಗಿದೆ ಎಂಬ ಕಾರಣಕ್ಕೆ.

ಕಳಿಸಿದ ದಿನ ಚೆನ್ನಾಗಿದ್ದ ಲಿಂಕು ಆಮೇಲೆ ಸಾಯುವುದೂ ಉಂಟು, ಅದೂ ಯಾರೂ ತಪ್ಪು ಮಾಡದೆ. ಯೂಟ್ಯೂಬ್‌ನಲ್ಲಿ ‘ಅನ್‌ಲಿಸ್ಟೆಡ್’ ಎಂಬ ಬಗೆಯಿದೆ. ಹುಡುಕಿದರೆ ಸಿಗುವುದಿಲ್ಲ, ಲಿಂಕ್ ಇದ್ದವರಿಗೆ ಮಾತ್ರ ಕಾಣುತ್ತದೆ. 2017ಕ್ಕಿಂತ ಮೊದಲು ಏರಿಸಿದ ಅಂಥ ವಿಡಿಯೋಗಳನ್ನು ಆ ಸಂಸ್ಥೆ 2021ರ ಜುಲೈ 23ರಿಂದ ಪ್ರೈವೇಟ್ ಮಾಡಿತು. ಬೇಡ ಎಂದು ಮೊದಲೇ ತಿಳಿಸಿದವರದ್ದು ಮಾತ್ರ ಉಳಿಯಿತು. ಅದೇ ವರ್ಷದ ಸೆಪ್ಟೆಂಬರ್ 13ರಿಂದ ಡ್ರೈವ್‌ನ ಹಲವು ಹಳೆಯ ಲಿಂಕುಗಳಿಗೂ ಹೊಸ ಕೀಲಿ ಬೇಕಾಯಿತು. ಆ ಕಡತವನ್ನು ಅಲ್ಲಿಯವರೆಗೆ ಒಮ್ಮೆಯೂ ತೆರೆಯದವರಿಗೆ ಬಾಗಿಲು ಮುಚ್ಚಿತು. ‘ಗೂ ಡಾಟ್ ಜಿಎಲ್’ ಎಂಬ ಕಿರುಲಿಂಕುಗಳು ನೆನಪಿರಬಹುದು. ಹೊಸ ಕಿರುಲಿಂಕು ಕೊಡುವುದನ್ನು ಗೂಗಲ್ 2019ರಲ್ಲೇ ನಿಲ್ಲಿಸಿತ್ತು, 2025ರ ಆಗಸ್ಟ್ 25ರಂದು ಬಳಕೆ ಕಾಣದ ಹಳೆಯವನ್ನೂ ಬಂದ್ ಮಾಡಿತು. ಬಳಕೆ ಕಾಣದವು ಎಂದರೆ ಯಾವುವು? ಹಳ್ಳಿಯ ಶಾಲೆಯ ಕಪಾಟಿನಲ್ಲಿ ಕೈಪಿಡಿಯೊಳಗೆ ಅಚ್ಚಾಗಿ, ಯಾರಾದರೂ ಒತ್ತಲಿ ಎಂದು ಕಾಯುತ್ತಾ ಇದ್ದಂಥವೇ.

ಇಷ್ಟಾಗಿ ಇದಕ್ಕೆ ಪರಿಹಾರ ನಿಮ್ಮ ಮೇಜಿನ ಮೇಲೆಯೇ ಇದೆ, ಅದೇ ನನ್ನ ಬೆರಗು. 2017ರ ಸೆಪ್ಟೆಂಬರ್ 5ರಂದು ಕೇಂದ್ರ ಸರ್ಕಾರ ಶುರುಮಾಡಿದ ದೀಕ್ಷಾ ವೇದಿಕೆಯ ಕ್ಯೂಆರ್ ಚೌಕ ನಮ್ಮ ಪಠ್ಯಪುಸ್ತಕಗಳಲ್ಲಿ ಅಚ್ಚಾಗುತ್ತಿದೆ. ಅದರ ಕೆಳಗೆ ಆರು ಅಕ್ಷರದ ಒಂದು ಸಂಕೇತ ಇರುತ್ತದೆ. ಕ್ಯಾಮೆರಾ ಮಸುಕಾದ ಫೋನಿನವರು ಆ ಆರು ಅಕ್ಷರ ಟೈಪ್ ಮಾಡಿದರೂ ಪಾಠಕ್ಕೆ ಹೋಗಬಹುದು. ಇದರ ಜಾಣ್ಮೆ ಏನೆಂದರೆ ಪುಸ್ತಕದಲ್ಲಿ ಅಚ್ಚಾದದ್ದು ವಿಡಿಯೋದ ವಿಳಾಸವಲ್ಲ, ಸಂಕೇತ ಮಾತ್ರ. ಹಿಂದಿನ ವಿಡಿಯೋ ಅಳಿದರೆ ಅದೇ ಸಂಕೇತಕ್ಕೆ ಹೊಸದನ್ನು ಜೋಡಿಸಬಹುದು, ಅಂಗಡಿಯ ಬೋರ್ಡು ಅದೇ ಇದ್ದು ಒಳಗಿನ ಸರಕು ಬದಲಾದ ಹಾಗೆ. ದೀಕ್ಷಾ ಆ್ಯಪ್‌ನಲ್ಲಿ ಪಾಠವನ್ನು ಇಳಿಸಿಕೊಂಡು, ನೆಟ್ ಇಲ್ಲದೆ ನೋಡುವ, ಇನ್ನೊಂದು ಫೋನಿಗೆ ಹಂಚುವ ಸೌಲಭ್ಯವೂ ಇದೆ. ಇಷ್ಟು ಚೆಂದದ ಸಾಧನ ಕೈಯಲ್ಲಿಟ್ಟುಕೊಂಡು ದಿನನಿತ್ಯದ ಪಾಠ, ತರಬೇತಿ, ಸೂಚನೆಗಳನ್ನು ಯಾರದೋ ಖಾಸಗಿ ಇಮೇಲ್ ಖಾತೆಯ ಡ್ರೈವ್‌ನಿಂದ ಹಂಚುವುದೇಕೆ? ಒಂದೇ ಕಡತವನ್ನು ಒಂದೇ ಬೆಳಿಗ್ಗೆ ಸಾವಿರಾರು ಶಾಲೆಗಳು ತೆರೆಯಹೊರಟರೆ ಗೂಗಲ್ ಅದನ್ನು 24 ಗಂಟೆಯವರೆಗೂ ತಡೆಹಿಡಿಯಬಲ್ಲದು. ಆ ಖಾತೆಯವರು ವರ್ಗವಾಗಿ ಹೋದರೆ ಕಡತದ ಗತಿಯನ್ನು ಕೇಳುವವರೇ ಇಲ್ಲ.

2020ರಲ್ಲಿ ಶಾಲೆ ಮುಚ್ಚಿದ್ದಾಗ ಚಂದನ ವಾಹಿನಿಯಲ್ಲಿ ಸೇತುಬಂಧ, ಸಂವೇದ ಪಾಠಗಳು ಬಂದವು. ಟಿವಿಗೆ ಲಿಂಕಿಲ್ಲ, ಲಾಗಿನ್ ಇಲ್ಲ. ಕರೆಂಟು ಇದ್ದರೆ ಪಾಠ ಬಂತು. ಆಗಿನ ಎಷ್ಟೋ ಕುಂದುಗಳ ನಡುವೆ ಅದೊಂದನ್ನು ನಾನು ಮೆಚ್ಚುತ್ತೇನೆ. ಫೋನಿನ ಪಾಡು ಹಾಗಲ್ಲ. 2021ರ ‘ಅಸರ್’ ಶಿಕ್ಷಣ ಸಮೀಕ್ಷೆ ದೇಶದ ಗ್ರಾಮೀಣ ಭಾಗದಲ್ಲಿ ಶಾಲೆಗೆ ದಾಖಲಾದ ಮಕ್ಕಳ ಪೈಕಿ ಶೇ 67.6ರಷ್ಟು ಮಂದಿಯ ಮನೆಯಲ್ಲಿ ಸ್ಮಾರ್ಟ್‌ಫೋನ್ ಇದೆ ಎಂದಿತು. ಅಂಥ ಮನೆಗಳಲ್ಲೂ ಶೇ 26.1ರಷ್ಟು ಮಕ್ಕಳ ಕೈಗೆ ಆ ಫೋನ್ ಸಿಗುವುದೇ ಇಲ್ಲ ಎಂದೂ ಹೇಳಿತು. ನಮ್ಮ ಕಡೆ ಇದರ ಅರ್ಥ ಸರಳ. ದುಡಿಯಲು ಗೋವಾಕ್ಕೋ ಮಹಾರಾಷ್ಟ್ರಕ್ಕೋ ಹೋದ ಅಪ್ಪನ ಜೊತೆ ಫೋನೂ ಹೋಗಿರುತ್ತದೆ, ಮಗ ಅಜ್ಜಿಯ ಹತ್ತಿರ ಊರಲ್ಲಿರುತ್ತಾನೆ. ಪಕ್ಕದ ಮನೆಯ ಫೋನನ್ನು ಹತ್ತು ನಿಮಿಷಕ್ಕೆ ಬೇಡಿ ತಂದ ಹುಡುಗನಿಗೆ ಲಿಂಕ್ ತೆರೆಯಲಿಲ್ಲ ಎಂದರೆ ಅವನು ನಾಳೆ ಮತ್ತೆ ಬೇಡಲು ಹೋಗುವುದಿಲ್ಲ.

ಇದರಲ್ಲಿ ದುಡ್ಡಿನ ಅಪಾಯವೂ ಇದೆ. ತೆರೆಯದ ಲಿಂಕು ಜನರಿಗೆ ಕಂಡಕಂಡದ್ದನ್ನು ಒತ್ತುವ ಚಾಳಿ ಕಲಿಸುತ್ತದೆ. ‘ಈ ವಿಡಿಯೋ ನೋಡಲು ಈ ಆ್ಯಪ್ ಹಾಕಿಕೊಳ್ಳಿ’ ಎಂದು ಬಂದರೆ ಹಾಕಿಕೊಳ್ಳುತ್ತಾರೆ. ವಂಚಕರು ಸಂಚಾರಿ ದಂಡದ ಹೆಸರಲ್ಲಿ, ಪಿಎಂ ಕಿಸಾನ್ ಹೆಸರಲ್ಲಿ ಎಪಿಕೆ ಎಂಬ ಆ್ಯಪ್ ಕಡತ ಕಳಿಸಿ ಬ್ಯಾಂಕ್ ಖಾತೆ ಬಳಿಯುತ್ತಿರುವ ಕಾಲ ಇದು. 1930ಕ್ಕೆ ಕರೆ ಮಾಡಿ ದೂರು ಕೊಡಬಹುದು ಎಂಬುದು ಎಷ್ಟು ಜನಕ್ಕೆ ಗೊತ್ತು? ಸರ್ಕಾರಿ ಲಿಂಕಿಗೊಂದು ಖಚಿತ ರೂಪ, ಖಚಿತ ವಿಳಾಸ ಇದ್ದರೆ ಕಳ್ಳ ಲಿಂಕನ್ನು ಗುರುತಿಸುವುದು ನನ್ನಂಥವನಿಗೂ ಸುಲಭ.

ಇದಕ್ಕೆಲ್ಲ ತಂತ್ರಜ್ಞಾನದ ಕೊರತೆಯೇ ಕಾರಣ ಎನ್ನುವವರಿರಬಹುದು. ಆದರೆ 2024ರಿಂದ ಎಸ್ಸೆಸ್ಸೆಲ್ಸಿ ಪರೀಕ್ಷೆಗೆ ವೆಬ್‌ಕಾಸ್ಟಿಂಗ್ ಬಂದಿದೆ. ಪರೀಕ್ಷಾ ಕೊಠಡಿಯ ದೃಶ್ಯ ಜಿಲ್ಲಾ ಕೇಂದ್ರದ ಪರದೆಯ ಮೇಲೆ ಮೂಡುತ್ತದೆ. ಹಳ್ಳಿಯ ಕೊಠಡಿಯಿಂದ ಅಲ್ಲಿಗೆ ವಿಡಿಯೋ ಹೋಗಬಲ್ಲದು ಎಂದಾದರೆ ಅಲ್ಲಿಂದ ಹಳ್ಳಿಗೆ ಪಾಠವೂ ಬರಬಲ್ಲದು. ಹಾಗಾಗಿ ಆ ಮಾತನ್ನು ನಾನು ಒಪ್ಪುವುದಿಲ್ಲ. ಕಾವಲಿಗೆ ಸಿಕ್ಕ ಗಮನ ಪಾಠಕ್ಕೆ ಸಿಕ್ಕಿಲ್ಲ, ಅಷ್ಟೇ.

ನಾನು ಕೇಳುವುದು ದೊಡ್ಡ ಯೋಜನೆಯಲ್ಲ. ವಿಡಿಯೋ ಲಿಂಕ್ ಇರುವ ಪ್ರತಿ ಸುತ್ತೋಲೆಯ ಕೆಳಗೆ ಆ ಲಿಂಕಿನ ಹೊಣೆ ಹೊತ್ತವರ ಹುದ್ದೆ ಮತ್ತು ಕಚೇರಿಯ ದೂರವಾಣಿ ಸಂಖ್ಯೆ ಇರಲಿ. ತೆರೆಯದಿದ್ದರೆ ಯಾರನ್ನು ಕೇಳಬೇಕು ಎಂಬುದು ಕನ್ನಡದಲ್ಲಿ ಒಂದು ಸಾಲಾಗಿ ಇರಲಿ. ಲಿಂಕನ್ನು ಫೋಟೊದಲ್ಲಿ ಕಳಿಸದೆ ಅಕ್ಷರದಲ್ಲೇ ಪ್ರತ್ಯೇಕ ಸಂದೇಶವಾಗಿ ಕಳಿಸಬೇಕು ಎಂದು ಆದೇಶವಾಗಲಿ. ಮುದ್ರಿತ ಪುಸ್ತಕ, ಕೈಪಿಡಿಗಳಲ್ಲಿ ದೀಕ್ಷಾ ಸಂಕೇತವಲ್ಲದೆ ಬೇರೆ ಲಿಂಕು ಬೇಡ. ಮೇ ತಿಂಗಳ ರಜೆಯಲ್ಲಿ ಆ ಸಂಕೇತಗಳನ್ನು ಒಂದೊಂದಾಗಿ ತೆರೆದು ನೋಡಿ, ಸತ್ತವನ್ನು ಬದಲಿಸುವ ಕೆಲಸವನ್ನು ಯಾರಿಗಾದರೂ ಲಿಖಿತವಾಗಿ ವಹಿಸಿರಿ. ಹತ್ತು ನಿಮಿಷದ ಪಾಠ ಕಡಿಮೆ ಗುಣಮಟ್ಟದಲ್ಲಿ ಇಪ್ಪತ್ತೈದು ಮೂವತ್ತು ಎಂಬಿಯಲ್ಲಿ ಕೂರುತ್ತದೆ. ಒಂದು ತರಗತಿಯ ಇಡೀ ವರ್ಷದ ಪಾಠಗಳು ಒಂದು ಪೆನ್‌ಡ್ರೈವ್‌ಗೆ ಹಿಡಿಯುತ್ತವೆ. ಅದನ್ನು ಸಿಆರ್‌ಪಿಗಳ (ಕ್ಲಸ್ಟರ್ ಸಂಪನ್ಮೂಲ ವ್ಯಕ್ತಿಗಳ) ಕೈಯಲ್ಲಿ ಶಾಲೆಗೆ ತಲುಪಿಸಿದರೆ ನನ್ನ ಅಂಗಡಿಗೆ ಬರುವ ಈ ಗಿರಾಕಿಗಳು ಕಡಿಮೆಯಾಗುತ್ತಾರೆ. ನನಗದು ಸಂತೋಷವೇ.

ಇದೆಲ್ಲ ಆಗಲು ಹೊತ್ತು ಹಿಡಿಯುತ್ತದೆ ಎಂದಾದರೆ ಸದ್ಯಕ್ಕೆ ಒಂದನ್ನು ಮಾತ್ರ ಮಾಡಿ. ಮುಂದಿನ ಸುತ್ತೋಲೆ ಸಹಿಗೆ ಬಂದಾಗ ಕಚೇರಿಯ ವೈಫೈ ಬಿಡಿ, ನಿಮ್ಮ ಫೋನನ್ನೂ ಬಿಡಿ. ಬಾಗಿಲಲ್ಲಿ ಕೂತ ಜವಾನರ ಫೋನಿನಲ್ಲಿ, ಅವರದೇ ಡೇಟಾದಲ್ಲಿ, ಯಾವ ಖಾತೆಗೂ ಲಾಗಿನ್ ಆಗದೆ ಅದರಲ್ಲಿನ ಲಿಂಕ್ ತೆರೆಯುತ್ತದೆಯೇ ನೋಡಿ. ತೆರೆಯದಿದ್ದರೆ ದಯವಿಟ್ಟು ಸಹಿ ಹಾಕಬೇಡಿ.

ಇಂತಿ ತಮ್ಮ ವಿಶ್ವಾಸಿ,
ನಾಲತವಾಡದ ಒಬ್ಬ ಆನ್‌ಲೈನ್ ಅಂಗಡಿಯವ