ಗೀತರೂಪಾಂತರವೂ ಔಚಿತ್ಯವೂ

ಆರುನೂರಕ್ಕೂ ಮೇಲ್ಪಟ್ಟ ಗೀತಗಳಿಗೆ ಸ್ವರವಿತ್ತು, 1828ರಲ್ಲಿ 31 ವರ್ಷದವನಾಗಿರುವಾಗಲೇ ತೀರಿಕೊಂಡ ವಿಯೆನ್ನಾದ ಫ್ರಾಂಟ್ಸ್ ಷೂಬರ್ಟನನ್ನು ಚಲಚ್ಚಿತ್ರವು ಕೆಡಿಸಿತೆಂದು ಕೆಲವರೂ, ಉದ್ಧರಿಸಿತೆಂದು ಮತ್ತೆ ಕೆಲವರೂ ವಾದಿಸುತ್ತಾರೆ. ದೋಷವೆಲ್ಲಿದೆಯೆಂಬುದನ್ನು ಉಭಯ ಪಕ್ಷದವರೂ ಕಂಡಂತಿಲ್ಲ.

ಜರ್ಮನಿಯಲ್ಲಿ 1894ರಲ್ಲಿ ಜನಿಸಿದ ವಿಲ್ಲಿ ಷ್ಮಿಟ್-ಗೆಂಟ್ನರನು ಮಾಕ್ಸ್ ರೇಗರನ ಶಿಷ್ಯನು. ಮೂಕಚಿತ್ರಗಳ ಕಾಲದಿಂದಲೇ ಚಿತ್ರಸಂಗೀತದಲ್ಲಿ ಪಳಗಿದವನು. 1933ರಲ್ಲಿ ವಿಲ್ಲಿ ಫೋರ್ಸ್ಟನು ನಿರ್ದೇಶಿಸಿದ ‘ಲೈಸೆ ಫ್ಲೇಹೆನ್ ಮೈನೆ ಲೀಡರ್’ ಎಂಬ ಚಿತ್ರಕ್ಕೆ ಷೂಬರ್ಟನ ಕೃತಿಗಳನ್ನು ಅಳವಡಿಸಿಕೊಟ್ಟವನು ಇವನೇ. ಷೂಬರ್ಟನೇ ಆ ಚಿತ್ರದ ಕಥಾನಾಯಕ.

ಒಂದು ಕಂಠಕ್ಕೂ ಒಂದು ಪಿಯಾನೋವಿಗೂ ಬರೆದ ಗೀತವನ್ನು ವಾದ್ಯವೃಂದಕ್ಕೆ ಒಪ್ಪಿಸುವುದೇ ಅಪಚಾರವೆಂಬುದು ಪೂರ್ವಪಕ್ಷ. ಇದು ನಿಲ್ಲತಕ್ಕ ಮಾತಲ್ಲ. ಲಿಸ್ಟನು ಇದೇ ಗೀತಗಳನ್ನು ಮಾತಿಲ್ಲದೆ ಪಿಯಾನೋವೊಂದಕ್ಕೇ ಮಾರ್ಪಡಿಸಿದನು. ಬೆರ್ಲಿಯೋಜನು ‘ಎರ್ಲ್‌ಕೋನಿಗ್’ ಗೀತವನ್ನು ವಾದ್ಯವೃಂದಕ್ಕೆ ಹೊಂದಿಸಿದನು. ಅವರಿಗೆ ಸಂದ ಮನ್ನಣೆ ಚಿತ್ರಸಂಗೀತಗಾರನಿಗೆ ಮಾತ್ರ ಸಲ್ಲದೆಂಬುದು ಯಾವ ನ್ಯಾಯ?

ದೋಷವಿರುವುದು ರೂಪಾಂತರದಲ್ಲಲ್ಲ, ವಿನಿಯೋಗದಲ್ಲಿ. ಷೂಬರ್ಟನು ತನ್ನ ಶಿಷ್ಯೆ ಎಸ್ಟರ್‌ಹಾಜಿ ಮನೆತನದ ಕರೋಲಿನೆಯಲ್ಲಿ ಅನುರಕ್ತನಾದನಂತೆ. ಆಕೆಯ ವಿವಾಹದ ದಿನ ತನ್ನ ಸಿಂಫನಿಯ ಕೊನೆಯ ಹಾಳೆಗಳನ್ನು ಹರಿದನಂತೆ. ಆದಕಾರಣ ಅದು ‘ಅಪೂರ್ಣ’ವಾಯಿತಂತೆ! ಇದು ಚಿತ್ರದ ಕಥೆ. ಕರೋಲಿನೆಯ ವಿವಾಹವಾದುದು 1844ರಲ್ಲಿ, ಷೂಬರ್ಟನು ತೀರಿಕೊಂಡ 16 ವರ್ಷಗಳ ಮೇಲೆ. ಈ ಸಿಂಫನಿಯನ್ನು ಅವನು ಆರಂಭಿಸಿದುದು 1822ರಲ್ಲಿ. ಅದಕ್ಕೆ ಹಿಂದಿನ ನಾಲ್ಕು ವರ್ಷಗಳಲ್ಲಿ ಬೇರೆ ಮೂರು ಸಿಂಫನಿಗಳನ್ನೂ ಆರಂಭಿಸಿ ಅರ್ಧಕ್ಕೇ ಬಿಟ್ಟಿದ್ದನು. ಅವುಗಳಲ್ಲಿ ಒಂದೊಂದಕ್ಕೂ ಒಬ್ಬೊಬ್ಬ ಸಿರಿವಂತ ಕನ್ಯೆಯನ್ನು ಹುಡುಕಬೇಕೇನು?

ಚಿತ್ರದ ಕೊನೆಗೆ ‘ಆವೆ ಮರಿಯಾ’ ಕೇಳಿಬರುತ್ತದೆ. 1825ರ ಈ ಗೀತದ ಮೂಲವು ವಾಲ್ಟರ್ ಸ್ಕಾಟ್ ಕವಿಯ ಕಾವ್ಯ. ತಂದೆಯೊಡನೆ ಅಡಗಿರುವ ಕನ್ಯೆಯೊಬ್ಬಳು ಮಾತೆ ಮೇರಿಯಲ್ಲಿ ಅಭಯವನ್ನು ಯಾಚಿಸುವ ಪ್ರಾರ್ಥನೆ. ಇಂಥದನ್ನು ಭಗ್ನಪ್ರಣಯಕ್ಕೆ ಮಂಗಳವಾಗಿ ಹಾಡಿಸಿದರೆ ಸ್ವರ ಕೆಡದಿರಬಹುದು, ಧ್ವನಿ ಕೆಡುತ್ತದೆ. ಕ್ಷೇಮೇಂದ್ರನು ಔಚಿತ್ಯವೇ ಕಾವ್ಯದ ಜೀವಿತವೆಂದದ್ದು ಗೀತಕ್ಕೂ ಸಲ್ಲುತ್ತದೆ. ಕೊರಳ ಹಾರವನ್ನು ಸೊಂಟಕ್ಕೆ ಬಿಗಿದರೆ ಚಿನ್ನಕ್ಕೆ ನಷ್ಟವಿಲ್ಲ. ಆದರೂ ನೋಡಿದವರು ನಗುತ್ತಾರೆ.

ಈ ಚಿತ್ರದಿಂದ ಷೂಬರ್ಟನ ಹೆಸರು ಸಾಮಾನ್ಯ ಜನಕ್ಕೂ ತಿಳಿಯಿತಲ್ಲವೇ ಎನ್ನಬಹುದು. ತಿಳಿಯಿತು, ಮಾರ್ತಾ ಎಗ್ಗರ್ಟಳ ಕಂಠವು ಆ ಉಪಕಾರವನ್ನು ಮಾಡಿತು. ಆದರೆ ತಿಳಿದುದು ಯಾವ ಷೂಬರ್ಟನು? ಚಿತ್ರವನ್ನು ನಂಬಿದವನು ಆ ಸಿಂಫನಿಯನ್ನು ಕೇಳುವಾಗ ಅದರಲ್ಲಿ ಪೂರ್ಣವಾಗಿಯೇ ಇರುವ ಎರಡು ಭಾಗಗಳಿಗೆ ಕಿವಿಗೊಡುವುದಿಲ್ಲ; ಎಂದೂ ಹರಿಯದ ಹಾಳೆಗಳಿಗಾಗಿ ಮರುಗುತ್ತಾನೆ. ಉಪಕಾರಕ್ಕೆ ತೆತ್ತ ಬೆಲೆ ಇದು.

ಕಥೆಯನ್ನು ಕಟ್ಟಿದವರು ಬೇರೆಯವರೆಂದು ಸಂಗೀತಗಾರನು ನುಣುಚಿಕೊಳ್ಳಲಾಗದು. ಕಥೆಯು ಸುಳ್ಳಾದರೂ ಅದನ್ನು ನಿಜವೆನ್ನಿಸಿದುದು ಅವನು ಹೊಂದಿಸಿಕೊಟ್ಟ ಸಂಗೀತವೇ. ಪೂರ್ವಿಕರ ಗೀತವನ್ನು ಎರವಲು ತರುವವನು ಅದರ ರಾಗಕ್ಕೆ ಹೊಣೆಯಾದಂತೆ ಅದರ ಅರ್ಥಕ್ಕೂ ಹೊಣೆಗಾರನು.