ಟ್ಯಾಲೆಂಟಾ, ಅಪ್ಪನ ಟ್ರಾನ್ಸ್‌ಫರ್ರಾ?

ಈಗ ಯಾವ ಗೆಸ್ಟ್ ಲೆಕ್ಚರ್‌ಗೆ ಹೋದರೂ ಒಂದೇ ಮಾತು: ಟೆಕ್ನಾಲಜಿ ಬದಲಾಗ್ತಿದೆ, ಟ್ಯಾಲೆಂಟ್ ಇದ್ದವರು ಉಳೀತಾರೆ, ಇಲ್ಲದವರು ಮನೆಗೆ. ನಾವೂ ತಲೆ ಆಡಿಸಿ ಬರ್ತೀವಿ. ಆದರೆ ಹೂ ಡಿಯೆ ಎಂಬ ಚೀನೀ ನಟಿಯ ಬಗ್ಗೆ ಓದಿದ ಮೇಲೆ ಈ ಮಾತು ಅರ್ಧ ಮಾತ್ರ ನಿಜ ಅನ್ನಿಸ್ತಿದೆ.

ಹೂ ಡಿಯೆ ಹುಟ್ಟಿದ್ದು 1908ರಲ್ಲಿ, ಶಾಂಘೈನಲ್ಲಿ. ಅಲ್ಲಿನ ಮಿಂಗ್‌ಶಿಂಗ್ ಸ್ಟುಡಿಯೋದ ಮೂಕಿ ಚಿತ್ರಗಳಲ್ಲಿ ಆಗಲೇ ಹೆಸರು ಮಾಡಿದ್ದರು. 1931ರಲ್ಲಿ ಆಕೆ ನಟಿಸಿದ 'ಸಿಂಗ್‌ಸಾಂಗ್ ಗರ್ಲ್ ರೆಡ್ ಪಿಯೋನಿ' ಬಂತು. ಚೀನಾದ ಮೊದಲ ಟಾಕಿ ಅಂತ ಅದನ್ನೇ ಕರೀತಾರೆ. ಫಿಲ್ಮ್ ಮೇಲೆ ಧ್ವನಿ ಇರಲಿಲ್ಲ, ಡಿಸ್ಕ್‌ನಲ್ಲಿತ್ತು. ಪ್ರೊಜೆಕ್ಟರ್ ಜೊತೆಗೇ ಅದನ್ನೂ ಓಡಿಸಬೇಕು. ರೀಲು ಹರಿದು ನಾಲ್ಕು ಫ್ರೇಮ್ ಕತ್ತರಿಸಿದರೆ ಸಿಂಕ್ ಹೋಯ್ತು. (ಇದನ್ನು ಸರಿಮಾಡೋ ಪ್ರಾಜೆಕ್ಟ್ ಕೊಟ್ಟಿದ್ದರೆ ನಮ್ಮ ಇಸಿ ಹುಡುಗರು ಖುಷಿಪಡ್ತಿದ್ದರು.)

ಧ್ವನಿ ಬಂದ ಕೂಡಲೇ ಭಾಷೆಯ ಪ್ರಶ್ನೆ ಬಂತು. ಶಾಂಘೈ ಸ್ಟುಡಿಯೋಗಳಲ್ಲಿ ಶಾಂಘೈ ಮಾತಿನವರು, ಕ್ಯಾಂಟನೀಸ್‌ನವರು ತುಂಬಾ ಇದ್ದರು. ಮೂಕಿಯಲ್ಲಿ ಅದನ್ನು ಯಾರೂ ಕೇಳ್ತಿರಲಿಲ್ಲ. ಟಾಕಿಗೆ ಮ್ಯಾಂಡರಿನ್ ಬೇಕಾಯ್ತು. ಹೂ ಡಿಯೆ ಮನೆತನವೂ ಕ್ಯಾಂಟನೀಸ್ ಸೀಮೆಯದೇ, ಆದರೆ ಅಪ್ಪನಿಗೆ ರೈಲ್ವೆ ಕೆಲಸ. ಹಾಗಾಗಿ ಬಾಲ್ಯ ಕಳೆದದ್ದು ಉತ್ತರದ ಊರುಗಳಲ್ಲಿ, ಮ್ಯಾಂಡರಿನ್ ಸಲೀಸಾಗಿ ಬಂತು. ಅದನ್ನು ಟ್ಯಾಲೆಂಟ್ ಅನ್ನಬೇಕಾ, ಅಪ್ಪನ ಟ್ರಾನ್ಸ್‌ಫರ್ ಅನ್ನಬೇಕಾ?

ಆಕೆ ಒಳ್ಳೆಯ ನಟಿ ಅನ್ನೋದರಲ್ಲಿ ನಮಗೆ ಅನುಮಾನ ಇಲ್ಲ. 1933ರಲ್ಲಿ ಪತ್ರಿಕೆಯೊಂದರ ಓದುಗರು 21,334 ಮತ ಹಾಕಿ 'ಚಿತ್ರರಾಣಿ' ಮಾಡಿದರು. ಮರುವರ್ಷ 'ಟ್ವಿನ್ ಸಿಸ್ಟರ್ಸ್' ಟಾಕಿಯಲ್ಲಿ ಬಡ ಅಕ್ಕ, ಶ್ರೀಮಂತ ತಂಗಿ ಎರಡೂ ಆಕೆಯೇ. ನಮ್ಮ ಮೊದಲ ಟಾಕಿ 'ಸತಿ ಸುಲೋಚನ' ಬಂದದ್ದೂ ಅದೇ 1934ರಲ್ಲಿ.

ಅದೇ ವರ್ಷ ರುವಾನ್ ಲಿಂಗ್‌ಯು 'ದಿ ಗಾಡೆಸ್' ಎಂಬ ಮೂಕಿಯಲ್ಲಿ ನಟಿಸಿದರು. ಮಗನನ್ನು ಓದಿಸೋಕೆ ಮೈ ಮಾರಿಕೊಳ್ಳುವ ತಾಯಿಯ ಪಾತ್ರ. ಟಾಕಿ ಬಂದು ಮೂರು ವರ್ಷ ಆಗಿತ್ತು, ಆದರೂ ಆ ಮುಖ ನೋಡ್ತಾ ಕೂತರೆ ಸಂಭಾಷಣೆ ಇಲ್ಲ ಅನ್ನೋದೇ ಮರೆತುಹೋಗುತ್ತೆ. 1935ರಲ್ಲಿ, 24ನೇ ವಯಸ್ಸಿಗೇ ಆಕೆ ತೀರಿಕೊಂಡರು. ಅದು ಬೇರೆಯೇ ಕಥೆ, ಅದಕ್ಕೂ ಟಾಕಿಗೂ ಗಂಟು ಹಾಕಬಾರದು. ಆದರೆ ಮೈಕ್ ಮುಂದಿಟ್ಟು ಉಚ್ಚಾರಣೆ ನೋಡಿ ಆರಿಸಿದ್ದರೆ ಈ ತಾಯಿಯ ಪಾತ್ರಕ್ಕೆ ರುವಾನ್ ಸಿಗ್ತಿದ್ದರಾ?

ನಮ್ಮ ಕ್ಯಾಂಪಸ್‌ನಲ್ಲಿ ಮೈಕ್ ಅಂದ್ರೆ ಜಿಡಿ ರೌಂಡ್. ಇಂಗ್ಲಿಷ್ ಮೀಡಿಯಂನಿಂದ ಬಂದ ನಾವು ಅಲ್ಲಿ ಬಾಯಿ ತೆಗೆದರೆ ಸಾಕು, ಪಾಸ್. ಅಪ್ಪ ಅಮ್ಮ ಫೀಸು ಕಟ್ಟಿದ್ದರು, ಅಷ್ಟೇ. ನಮಗೆ ಮ್ಯಾಥ್ಸ್ ಹೇಳಿಕೊಟ್ಟು ಪಾಸ್ ಮಾಡಿಸಿದ ಕನ್ನಡ ಮೀಡಿಯಂ ಗೆಳೆಯರು ಅದೇ ರೌಂಡಲ್ಲಿ ಹೊರಗೆ ಬೀಳ್ತಾರೆ. ಕಂಪನಿಗಳಿಗೆ ನಾವು ಹೇಳೋಕಾಗಲ್ಲ, ಸರಿ. ಕಾಲೇಜಿನ ಮಾಕ್ ಪ್ಲೇಸ್‌ಮೆಂಟ್ ನಮ್ಮ ಕೈಯಲ್ಲೇ ಇದೆಯಲ್ಲ? ಈ ಸೆಮ್‌ನಿಂದ ಅಲ್ಲಿ ಟೆಕ್ನಿಕಲ್ ರೌಂಡ್ ಮೊದಲು ಇಡಿ, ಜಿಡಿ ಆಮೇಲೆ.